ದನ ಕಾಯುವವಳು

ತೀನ್ ಕಂದೀಲಿನ ಹತ್ತಿರ ನನ್ನ ಅಂಗಡಿ.
ಶಾಮಿಯಾನ, ಮೈಕು, ಪ್ರೊಜೆಕ್ಟರು, ಪರದೆ.
ಒಯ್ದವರ ಹೆಸರು, ಊರು, ಕಾರಣ
ಉದ್ದನೆ ವಹಿಯಲ್ಲಿ ಬರೆದಿಡುತ್ತೇನೆ:
ಮದುವೆ. ಮದುವೆ. ಜವಳ. ಕ್ರಿಕೆಟ್ ಫೈನಲ್. ಮದುವೆ.

ಹುಲಿಗೆಮ್ಮ, ಊರು ದೇವದುರ್ಗ.
ಕಾರಣ ಏನಂತ ಬರೀಲವ್ವ ಅಂದರೆ
ಎತ್ತು, ಅಂದಳು.
ಎತ್ತಿಗೇನು ಮದುವಿಯಾ?
ನಗಲಿಲ್ಲ.
ಐನೂರರ ನೋಟು ನಾಲ್ಕು ಡಿಪಾಜಿಟ್ ಇಟ್ಟು
ಪರದೆ ಬಿಚ್ಚಿಸಿ, ಎರಡೂ ಮಗ್ಗುಲು ತಡವಿ ನೋಡಿದಳು,
ಸಂತೆಯಲ್ಲಿ ಎಮ್ಮೆ ನೋಡುವ ಹಾಗೆ.

ಏಳನೇ ಕ್ಲಾಸಿನಲ್ಲಿ ಲೆಕ್ಕದ ಮಾಸ್ತರ
‘ದನ ಕಾಯಾಕ ಹೋಗು’ ಅಂದಿದ್ದನಂತೆ.
ಎಲ್ಲರಿಗೂ ಅನ್ನುತ್ತಿದ್ದ. ಯಾರೂ ಹೋಗಿರಲಿಲ್ಲ.
ಇವಳು ಹೋದಳು,
ಕಲಬುರಗಿಯಲ್ಲಿ ಚಿತ್ರ ಬರೆದು
ಬರೋಡಾದಲ್ಲಿ ಎರಡು ವರ್ಷ ಕಳೆದು
ಹೆಗಲಿಗೊಂದು ಕ್ಯಾಮೆರಾ ಹಾಕಿಕೊಂಡು
ಸುತ್ತುದಾರಿಯಲ್ಲಿ.

ಅಪ್ಪ ದನದ ದವಾಖಾನೆಯಲ್ಲಿ ಕಾಂಪೌಂಡರು.
ನಡುರಾತ್ರಿ ಹಸುವಿನೊಳಗೆ ಅವನ ಮೊಳಕೈ ಮುಳುಗಿದಾಗ
ಬ್ಯಾಟರಿ ಹಿಡಿದು ನಿಲ್ಲುವುದು ಇವಳ ಕೆಲಸ.
ಬೆಳಕು ಅಲುಗಿದರೆ ಬೈಗುಳ.
ಅದಕ್ಕೇ ಇರಬೇಕು, ಟ್ರೈಪಾಡ್ ಬೇಡ ಅನ್ನುತ್ತಾಳೆ.

ಶೂಟಿಂಗ್ ಅನ್ನುವುದಿಲ್ಲ. ಕಾಯೋದು ಅನ್ನುತ್ತಾಳೆ.
ಶಕ್ತಿನಗರದ ಬೂದಿ ಹೊಂಡದ ದಂಡೆಗೆ
ನಾಲ್ಕು ದಿನ ಎಮ್ಮೆ ಕಾದೆ.
ಕೋಟೆಗೋಡೆಯ ನೆರಳು ಸರಿದಂತೆ ಸರಿಯುತ್ತಿದ್ದ
ಒಂದು ಕತ್ತೆಯನ್ನು ಕಾದೆ, ನೆರಳು ಮುಗಿಯುವ ತನಕ.
ಮೇ ತಿಂಗಳು ನೋಡ್ರಿ,
ಕ್ಯಾಮೆರಾನೂ ಕಾದಿತ್ತು. ಹಸಿ ಟವೆಲು ಸುತ್ತಿದ್ದೆ.

ಗಂಜಿನಲ್ಲಿ, ಹತ್ತಿ ಗೋದಾಮಿನ ಎದುರು
ಪರದೆ ಕಟ್ಟಿದೆವು.
ಹಮಾಲರು ಚೀಲದ ಮೇಲೆ ಚೀಲದಂತೆ ಕೂತರು.
ಎತ್ತು ಬಂತು.
ಒಂದೇ ಎತ್ತು. ಮೆಲುಕು ಹಾಕಿತು.
ನೊಣಕ್ಕೆ ಕಿವಿ ಕೊಡವಿತು. ಮತ್ತೆ ಮೆಲುಕು.
‘ಸಿನಿಮಾ ಯಾವಾಗ ಸುರು ಆಗ್ತದವ್ವ?’
‘ಸುರು ಆಗ್ಯಾದಣ್ಣ.’
ಅರ್ಧ ಜನ ಒಗ್ಗರಣಿ ಮಿರ್ಚಿಗೆ ಎದ್ದು ಹೋದರು.
ನಾನೂ ಗಡಿಯಾರ ನೋಡಿದೆ, ಸುಳ್ಳೇಕೆ.

ಹನ್ನೊಂದು ನಿಮಿಷ ಮುಗಿಯುವ ಹೊತ್ತಿಗೆ
ಹಿಂದಿನಿಂದ ತಾಯಪ್ಪ ಎದ್ದು ನಿಂತ.
‘ಎಡಗಿವಿ ಹರದದ ನೋಡ್ರಿ. ಇದು ನಮ್ದು.
ಟ್ರ್ಯಾಕ್ಟರ್ ಬಂದ್ಮ್ಯಾಲ ಕೊಟ್ಟಿದ್ವಿ.
ತಂಗೀ, ಈಗ ಎಲ್ಲದ ಇದು?’

ಹುಲಿಗೆಮ್ಮ ಊರ ಹೆಸರು ಹೇಳಲಿಲ್ಲ.
ಅವನನ್ನೇ ನೋಡಿದಳು ಸ್ವಲ್ಪ ಹೊತ್ತು.
ಆಮೇಲೆ ಬಗ್ಗಿ
ಮೊದಲಿನಿಂದ ಹಾಕಿದಳು.

ಈ ಸಲ ಯಾರೂ ಮಾತಾಡಲಿಲ್ಲ.
ಮಿರ್ಚಿ ಪೊಟ್ಟಣ ಹಿಡಿದು ಬಂದವರು
ಪೊಟ್ಟಣ ಬಿಚ್ಚದೆ ನಿಂತರು.
ತಾಯಪ್ಪನ ದವಡೆ ತನಗೆ ತಿಳಿಯದೆ ಆಡುತ್ತಿತ್ತು,
ಎಲೆ ಅಡಿಕೆ ಇರಲಿಲ್ಲ ಬಾಯಲ್ಲಿ.

ಆಗಲೇ ಬಂಡಿಯಿಂದ ಬಿಟ್ಟ ಯಾವುದೋ ಊರಿನ ಎತ್ತು,
ಬಿಳಿದು, ಕೊಂಬಿಗೆ ಹಸಿರು ಬಣ್ಣ,
ಹತ್ತಿಯ ಚೂರು ತುಳಿಯುತ್ತ ನಡೆದು ಬಂತು.
ತನ್ನ ನೆರಳನ್ನು ಪರದೆಗೆ ಬಡಿದು ನಿಂತು
ಮೂಸಿ ನೋಡಿ
ಅಲ್ಲಿದ್ದ ಎತ್ತಿನ ಕುತ್ತಿಗೆ ನೆಕ್ಕತೊಡಗಿತು.
ನೊಗ ಕೂತು ಗಟ್ಟಿಯಾದ ಜಾಗ. ಅಲ್ಲೇ.

ಏ ಏ ಏ ಪರದಿ, ಪರದಿ, ಎಂದು ಓಡಿದೆ.
ರಟ್ಟೆ ಹಿಡಿದು ನಿಲ್ಲಿಸಿದಳು.
ಅವಳ ಕ್ಯಾಮೆರಾ ಚೀಲದಲ್ಲಿತ್ತು.
ಕೈಗೆ ಎಟುಕುವ ದೂರದಲ್ಲೇ.
ತೆಗೆಯಲಿಲ್ಲ.

ಡಿಪಾಜಿಟ್ ಪೂರ್ತಿ ವಾಪಸು ಕೊಟ್ಟೆ.
ವಹಿಯಲ್ಲಿ ಕಾರಣದ ಮನೆ ಖಾಲಿಯೇ ಇತ್ತು,
ಎತ್ತು ಎಂದೇ ಬರೆದೆ.

ಮೊನ್ನೆ ಗಬ್ಬೂರಿನಲ್ಲಿ ಮದುವೆ.
ಪರದೆಯ ಮೇಲೆ ಮದುಮಗಳ ಮುಖ ದೊಡ್ಡದಾಗಿ ಬಂದಾಗ
ಕೆನ್ನೆಯ ಮೇಲೆ ಅಂಗೈಯಗಲ
ಮಬ್ಬು, ನಾಲಿಗೆಯಾಕಾರ.
‘ಏನದು ಕಲೆ?’ ಅವಳ ಸೋದರಮಾವ ಬಂದು ಕೇಳಿದ.
ಪರದಿದು ಕಾಕಾ.
‘ಒಗದ್ರ ಹೋಗಲ್ಲೇನು?’
ಹೋಗ್ತದ, ಅಂದೆ.

ಒಗೆದಿಲ್ಲ.